ವಾಡೆಯಲ್ಲಿ ಇಳಿದ ಬಂದೋಬಸ್ತು

ಝರಣಮ್ಮ ಠಾಣೆಯ ಮೆಟ್ಟಿಲ ಮೇಲೆ ಕೂಡುತ್ತಿರಲಿಲ್ಲ. ಮೆಟ್ಟಿಲ ಕೆಳಗೆ, ಸೈಕಲ್ಲು ನಿಲ್ಲಿಸುವ ಜಾಗದಲ್ಲಿ, ನೆಲದ ಮೇಲೆ ಕೂಡುತ್ತಿದ್ದಳು. ಅಲ್ಲೇ ಕೂಡು ಅಂತ ಯಾರೂ ಹೇಳಿರಲಿಲ್ಲ. ಹೇಳಬೇಕಾಗಿಯೂ ಇರಲಿಲ್ಲ. ಮಾದರ ಕೇರಿಯಲ್ಲಿ ಹುಟ್ಟಿದವರಿಗೆ ಎಲ್ಲಿ ಕೂಡಬೇಕು ಅನ್ನುವುದು ಮಾತು ಕಲಿಯುವ ಮೊದಲೇ ಗೊತ್ತಾಗಿರುತ್ತದೆ.

ಆವತ್ತು ಅವಳು ಬಂದದ್ದು ಏಳನೆಯ ಸಲ. ಅವಳ ಊರು ಬೋರಾಳಗಿಯಿಂದ ಠಾಣೆಗೆ ಎರಡು ಹರದಾರಿ. ನಸುಕಿನಲ್ಲಿ ಹೊರಟವಳು ಬಿಸಿಲೇರುವ ಹೊತ್ತಿಗೆ ಬಂದು ಕೂತಿದ್ದಳು. ಜಮಾದಾರ ಜ್ಞಾನೇಶ್ವರ ಹೊರಗೆ ಬಂದ. ಅವಳನ್ನು ನೋಡಿ ಬಾಯಲ್ಲಿದ್ದ ಎಲೆಯಡಿಕೆ ಉಗುಳಿದ.

"ಮತ್ತ ಬಂದ್ಯಾ?"

"ಬಂದೀನ್ರಿ ಸಾಹೇಬ್ರ. ಪಾಟೀಲರ ಮಂದಿ ಹೊಲದ ಒಡ್ಡು ಒಡದು ಬಂಡಿ ಹಾದಿ ಮಾಡ್ಯಾರ್ರಿ. ಜ್ವಾಳ ಕೀಳಾಕ ಬಂದದ. ಕೈ ಹಚ್ಚಿದ್ರ ಕೈ ಮುರೀತೀವಿ ಅಂತಾರ. ಕೋರ್ಟಿನ ಹುಕುಮ್ ನನ್ನ ಕಡಿ ಅದರಿ."

ಸೆರಗಿನ ಗಂಟು ಬಿಚ್ಚಿ ಕಾಗದ ಎತ್ತಿ ಹಿಡಿದಳು. ಅವನು ಅದನ್ನು ಮುಟ್ಟಲಿಲ್ಲ.

"ನಿನಗ ಎಷ್ಟ ಸಲ ಹೇಳಬೇಕು? ಇದು ದಿವಾನಿ ಖಟ್ಲೆ. ಹೊಲಾ ಮನಿ ಜಗಳ ಕೋರ್ಟಿನ್ಯಾಗ ನೋಡ್ಕೋರಿ. ನಾವ್ ನೋಡೋದು ಫೌಜದಾರಿ. ಹೊಡದಾಟ, ಖೂನ, ಕಳವು."

"ಹೊಡದ ಮ್ಯಾಲ ಬರ್ಲೇನ್ರಿ ಹಂಗಾರ?"

"ಹೊಡದ ಮ್ಯಾಲ ಬಾ. ಈಗ ಎದ್ದು ನಡಿ."

ಕೇಳಿದಿರಾ? ಹೊಡೆಸಿಕೊಂಡು ಬರಬೇಕಂತೆ. ಹೊಡೆಯದ ಹಾಗೆ ನೋಡಿಕೊಳ್ಳಿ ಅಂತ ಕೈಮುಗಿದು ಬಂದವಳಿಗೆ ಸಿಕ್ಕ ಬುದ್ಧಿಮಾತು ಇದು. ಝರಣಮ್ಮ ಕಾಗದವನ್ನು ಮತ್ತೆ ಗಂಟು ಕಟ್ಟಿಕೊಂಡು ಎದ್ದಳು.

ಹೊಲ ಮೂರು ಎಕರೆ. ಹಳ್ಳದ ದಂಡೆಯ ಎರೆ ನೆಲ. ಅವಳ ಗಂಡ ತುಳಜಾರಾಮನ ಮನೆತನಕ್ಕೆ ಅದು ಚಾಕರಿಯ ಇನಾಮು. ಚಾಕರಿ ಏನು ಅಂತ ಕೇಳಿ. ಊರಿನ ಸತ್ತ ದನ ಎಳೆಯಬೇಕು. ಅದರ ತೊಗಲು ಸುಲಿದು ಹದ ಮಾಡಿ ಪಾಟೀಲರ ಬಾವಿಗೆ ನೀರೆತ್ತುವ ಮೋಟ ಹೊಲಿದು ಕೊಡಬೇಕು. ಊರಿಗೆ ಅಮಲ್ದಾರ ಬಂದರೂ, ಗಿರ್ದಾವರ ಬಂದರೂ, ಪೊಲೀಸರು ಬಂದರೂ ಅವರ ಗಂಟುಮೂಟೆ ತಲೆಯ ಮೇಲೆ ಹೊತ್ತು ಪಾಟೀಲರ ವಾಡೆಗೆ ಮುಟ್ಟಿಸಬೇಕು. ಗಂಡಸು ಇಲ್ಲದ ದಿನ ಹೆಂಗಸು ಹೊರಬೇಕು. ಝರಣಮ್ಮ ಮದುವೆಯಾಗಿ ಬಂದ ಎಂಟನೆಯ ದಿನಕ್ಕೆ ಒಬ್ಬ ಗಿರ್ದಾವರನ ಟ್ರಂಕು ಹೊತ್ತಿದ್ದಳು.

ಮೋಟ ಹೊಲಿಯುವುದೆಂದರೆ ಸುಲಭವಲ್ಲ. ಎಮ್ಮೆಯ ತೊಗಲನ್ನು ಸುಣ್ಣದ ಕುಣಿಯಲ್ಲಿ ನೆನೆಹಾಕಬೇಕು. ಕೂದಲು ಹೆರೆಯಬೇಕು. ತರವಡ ಗಿಡದ ತೊಗಟೆಯ ನೀರಿನಲ್ಲಿ ದಿನವೂ ತುಳಿಯಬೇಕು. ತುಳಜಾರಾಮನ ಪಾದದ ಚರ್ಮ ಸುಣ್ಣಕ್ಕೆ ಸುಲಿದು ಸುಲಿದು ಕೊನೆಗೆ ಉಗುರೇ ಉಳಿದಿರಲಿಲ್ಲ. ಅವನು ಹೊಲಿದ ಮೋಟದಲ್ಲಿ ನೀರೆತ್ತಿ ಪಾಟೀಲರು ಕಬ್ಬು ಬೆಳೆದರು. ಆ ತೊಗಲ ಚೀಲದಲ್ಲಿ ಮೇಲೆ ಬಂದ ನೀರು ಮೈಲಿಗೆಯಲ್ಲ. ಅದನ್ನೇ ಕುಡಿದರು, ಅದರಲ್ಲೇ ದೇವರ ತೊಳೆದರು. ಹೊಲಿದವನ ಕೈ ಮಾತ್ರ ಮೈಲಿಗೆ.

ಅರವತ್ತೇಳರಲ್ಲಿ ಪಾಟೀಲರ ಬಾವಿಗೆ ಎಂಜಿನ್ನು ಬಂತು. ಮೋಟ ಮೂಲೆಗೆ ಬಿತ್ತು. ದಿಗಂಬರರಾವ ಪಾಟೀಲ ತುಳಜಾರಾಮನನ್ನು ಕರೆಸಿ ವಾಡೆಯ ಹೊರಗೆ ನಿಲ್ಲಿಸಿ ಹೇಳಿದ: "ಮೋಟಾ ಹೋತು. ಮೋಟಾ ಹೋದ ಮ್ಯಾಲ ನಿನ್ನ ಚಾಕರಿ ಹೋತು. ಚಾಕರಿ ಹೋದ ಮ್ಯಾಲ ಹೊಲಾ ಯಾಕ ನಿನಗ?"

ಸರಕಾರ ಅಷ್ಟರೊಳಗೆ ಇನಾಮು ತೆಗೆದು ಹೊಲವನ್ನು ಉಳುವವನ ಹೆಸರಿಗೆ ಬರೆದಿತ್ತು. ಬಸವಕಲ್ಯಾಣದಲ್ಲಿ ತೆಗೆಸಿದ ಪಹಣಿಯಲ್ಲಿ ತುಳಜಾರಾಮನ ಹೆಸರು ನಿಚ್ಚಳವಾಗಿ ಇತ್ತು. ಪಾಟೀಲನಿಗೆ ಪಹಣಿ ಯಾವ ಲೆಕ್ಕ! ಅವನು ನೇಗಿಲು ಕಳಿಸಿದ. ತುಳಜಾರಾಮ ನೇಗಿಲ ಮುಂದೆ ಮಲಗಿದ. ಎಬ್ಬಿಸಿ ಹೊಡೆದರು. ಮುಂದೆ ಆರು ತಿಂಗಳು ಅವನು ಕೆಮ್ಮಿದ, ಸತ್ತ. ಮಕ್ಕಳಿರಲಿಲ್ಲ. ಝರಣಮ್ಮ ಹನ್ನೆರಡು ದಿನ ಅತ್ತಳು. ಹದಿಮೂರನೆಯ ದಿನ ಹುಮನಾಬಾದಿಗೆ ಹೋಗಿ ಯುನೂಸ್ ವಕೀಲರ ಬಾಗಿಲಲ್ಲಿ ನಿಂತಳು.

ಯುನೂಸ್ ವಕೀಲರು ಹಳೆಯ ಉರ್ದು ಕಾಗದ ಓದಬಲ್ಲ ಮನುಷ್ಯ. ದಾವೆ ಹಾಕಿದರು. ಖಟ್ಲೆ ಮುಗಿಯುವ ತನಕ ಪಾಟೀಲನಾಗಲಿ ಅವನ ಮಂದಿಯಾಗಲಿ ಹೊಲದೊಳಗೆ ಕಾಲಿಡಬಾರದು ಅಂತ ಹುಕುಮು ತಂದುಕೊಟ್ಟರು. ಅದೇ ಅವಳ ಸೆರಗಿನ ಕಾಗದ. ಅದನ್ನು ನಂಬಿ ಅವಳು ಹಿಂಗಾರಿಗೆ ಬಿಳಿಜೋಳ ಬಿತ್ತಿದಳು. ಎತ್ತಿರಲಿಲ್ಲ. ತಾನೊಂದು ಕಡೆ, ಗಂಡನ ತಂಗಿ ಮೀರಾಬಾಯಿ ಒಂದು ಕಡೆ ನಿಂತು ಕೂರಿಗೆ ಎಳೆದರು. ಹೆಗಲು ಸುಲಿದು ರಕ್ತ ಕುಪ್ಪಸಕ್ಕೆ ಅಂಟಿತು. ಜೋಳ ಆಳೆತ್ತರ ಬಂತು.

ಠಾಣೆಯಿಂದ ಏಳನೆಯ ಸಲ ಬರಿಗೈಲಿ ಬಂದ ಮರುದಿನ ಅವಳು ಮತ್ತೆ ಹುಮನಾಬಾದಿಗೆ ಹೋದಳು. ವಕೀಲರು ಕನ್ನಡಕ ತೆಗೆದಿಟ್ಟು ಹೇಳಿದರು:

"ನೋಡ್ ಝರಣಮ್ಮಾ, ಖಟ್ಲೆ ಮುಗಿಯೋದು ಇನ್ನಾ ವರ್ಷ ಹಿಡೀತದ. ಆದ್ರ ಈ ಬೆಳಿ ಯಾರ್ ಕೀಳ್ತಾರ ಅಂಬೋದು ಭಾಳ ಮುಖ್ಯ. ಕಬ್ಜಾ ಯಾರದು ಅಂತ ಕೋರ್ಟು ಕೇಳ್ತದ. ಪಾಟೀಲ ಒಮ್ಮಿ ಬೆಳಿ ಒಯ್ದು ರಾಸಿ ಮಾಡ್ಕೊಂಡ ಅಂದ್ರ, ನೋಡ್ರಿ ಹೊಲಾ ನನ್ನ ಕಬ್ಜಾದಾಗ ಅದ ಅಂತಾನ. ನಿನ್ನ ಕೈಯಾಗ ಬರೇ ಕಾಗದ ಉಳೀತದ."

"ಪೊಲೀಸ್ರು ಬರಂಗಿಲ್ಲ ಅಂತಾರಲ್ರಿ."

"ಬರಂಗ ಮಾಡೋಣು. ಕೋರ್ಟಿಗೇ ಅರ್ಜಿ ಹಾಕ್ತೀನಿ."

ಹಾಕಿದರು. ಮುನಸೀಫರು ಅರ್ಜಿ ಓದಿದರು, ಜೋಳ ಎಷ್ಟು ದಿನಕ್ಕೆ ಕೀಳಬೇಕು ಅಂತ ಅವಳನ್ನೇ ಕೇಳಿದರು. ಮನುಷ್ಯರನ್ನು ಕೇಳಿದ ಹಾಗೆ ಕೇಳಿದರು. ಬೆಳೆ ಕಟಾವಿನ ದಿನ ಪೊಲೀಸರು ಹೊಲದಲ್ಲಿ ಹಾಜರಿದ್ದು ರಕ್ಷಣೆ ಕೊಡತಕ್ಕದ್ದು ಅಂತ ಬರೆದರು. ಮೊಹರು ಬಿದ್ದ ಲಕೋಟೆ ಠಾಣೆಗೆ ಹೋಯಿತು. ಈ ಸಲ ಜಮಾದಾರ ಉಗುಳಲಿಲ್ಲ. ಹಲ್ಲು ಕಡಿದ. "ಸೋಮವಾರ ಮುಂಜಾನಿ ಬಸ್ಸಿಗೆ ಬರ್ತೀವಿ" ಅಂದ.

ಅವಳು ಠಾಣೆಯಿಂದ ಹೊರಟಾಗ ಒಬ್ಬ ಪೇದೆ ಅವಳಿಗೆ ತಿಳಿಸಿ ಹೇಳಿದ: "ಬಂದೋಬಸ್ತಿಗೆ ಬಂದವರ ಊಟಾ ಉಪಚಾರ ಅರ್ಜಿ ಕೊಟ್ಟವರದು. ದಸ್ತೂರ ಅದು."

"ನಮ್ಮ ಮನ್ಯಾಗ ಉಣ್ತೀರೇನ್ರಿ?"

ಪೇದೆ ನಕ್ಕ. "ನಿಮ್ಮ ಮನ್ಯಾಗ ಯಾವ ಮಗ ಉಣ್ತಾನ? ಬ್ಯಾರೆ ಕಡಿ ಮಾಡಸು."

ಅವಳ ಜೀವ ಕಾಯಲು ಬರುವವರು. ಅವಳ ರೊಟ್ಟಿ ಮುಟ್ಟಲಾರದವರು. ಇದನ್ನು ಯಾವ ಕೋರ್ಟಿಗೆ ಬರೆದು ಕೊಡುವುದು? ಝರಣಮ್ಮ ಅದನ್ನೆಲ್ಲ ಯೋಚಿಸಲಿಲ್ಲ. ಅವಳಿಗೆ ಜೋಳ ಬೇಕಿತ್ತು. ಊರಂಚಿನ ಮಠದ ಮನೆಯ ಮುದುಕಿ ಯಶೋದಾಬಾಯಿಯ ಅಂಗಳದಲ್ಲಿ ನಿಂತು ಕೇಳಿದಳು. ಯಶೋದಾಬಾಯಿಗೆ ಪಾಟೀಲನ ಭಯ ಇತ್ತು. ಆದರೂ ಹೂಂ ಅಂದಳು.

"ಹಿಟ್ಟು ಬ್ಯಾಳಿ ತಂದು ಕಟ್ಟಿ ಮ್ಯಾಲ ಇಡು. ಮಾಡಿ ಹಾಕ್ತೀನಿ. ಅವರನ್ನ ನೆಟ್ಟಗ ನನ್ನ ಮನಿಗೇ ಕರ್ಕೊಂಬಾ. ಊರೊಳಗ ಬಿಡಬ್ಯಾಡ."

"ಇಲ್ರಿ ಅವ್ವಾ, ಇಲ್ಲೇ ಕರ್ಕೊಂಬರ್ತೀನಿ."

ಸೋಮವಾರ ಬೆಳಿಗ್ಗೆ ಹೈದರಾಬಾದ್ ರಸ್ತೆಗೆ ಹೋಗಿ ನಿಂತಳು. ಕಲ್ಯಾಣದ ಬಸ್ಸು ಬಂತು. ಜಮಾದಾರ ಇಳಿದ. ಹಿಂದೆ ಇಬ್ಬರು ಪೇದೆಗಳು ಇಳಿದರು. ಬಸ್ಸಿನ ಮೇಲಿಂದ ಒಂದು ಹಾಸಿಗೆಯ ಸುರುಳಿ, ಒಂದು ತಗಡಿನ ಪೆಟ್ಟಿಗೆ ಕೆಳಗೆ ಬಂದವು. ಜಮಾದಾರ ಅವಳ ಕಡೆ ನೋಡಲೂ ಇಲ್ಲ. ಲಾಠಿಯಿಂದ ಹಾಸಿಗೆ ತೋರಿಸಿದ.

"ಎತ್ತ."

ಅವಳು ಬಗ್ಗಿದಳು. ಸಿಂಬೆ ಸುತ್ತಿದಳು. ಪೆಟ್ಟಿಗೆಯ ಮೇಲೆ ಹಾಸಿಗೆ ಇಟ್ಟು ಎತ್ತಿಕೊಂಡಳು. ನಡೆದಳು. ಭಾರ ತಲೆಯ ಮೇಲೆ ಕೂತಿತು, ಕತ್ತು ಸೆಟೆಯಿತು, ಕಣ್ಣು ನೆಲ ನೋಡಿತು. ಹಿಂದೆ ಬೂಟಿನ ಸದ್ದು. ಇಪ್ಪತ್ತೆರಡು ವರ್ಷ ಅವಳು ಹೀಗೇ ನಡೆದಿದ್ದಳು. ಯಶೋದಾಬಾಯಿಯ ಮನೆಗೆ ಹೋಗುವ ಎಡದ ಹಾದಿ ಬಂತು. ಹೋಯಿತು. ಕಾಲು ತಾವಾಗೇ ಹನುಮಂತನ ಗುಡಿ ಬಳಸಿದವು, ಚಾವಡಿ ದಾಟಿದವು, ಏರು ಹತ್ತಿದವು. ದೊಡ್ಡ ಬಾಗಿಲ ಮುಂದೆ ಬಂದು ನಿಂತವು. ಅವಳು ರೂಢಿಯಂತೆ ಹೊಸ್ತಿಲಿಗೆ ಆರು ಮಾರು ದೂರ ನಿಂತು ಕೂಗಿದಳು.

"ಸರಕಾರಿ ಮಂದಿ ಬಂದಾರ್ರಿ!"

ಕೂಗಿದ ಮೇಲೆ ತಲೆ ಎತ್ತಿದಳು. ಎದುರಿಗೆ ದಿಗಂಬರರಾವ ಪಾಟೀಲ ನಿಂತಿದ್ದ. ಅವನಿಗೂ ಒಂದು ಗಳಿಗೆ ತಿಳಿಯಲಿಲ್ಲ. ತಿಳಿದ ಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕ.

"ಬರ್ರಿ ಬರ್ರಿ ಜಮಾದಾರ ಸಾಹೇಬ್ರ! ನಮ್ಮ ಮ್ಯಾಲಿನ ಬಂದೋಬಸ್ತ ನಮ್ಮ ಬಾಗಿಲಿಗೇ ತಂದು ಮುಟ್ಟಿಸ್ಯಾಳ ನೋಡ್ರಿ! ಏ, ಚಾ ಇಡಸ್ರಿ!"

ಅಯ್ಯೋ ಝರಣಮ್ಮ! ಭಾರ ಹೊತ್ತೇ ನಿಂತಳು. "ಸಾಹೇಬ್ರ, ಇಲ್ಲಿ ಅಲ್ರಿ... ಯಶೋದಾಬಾಯಿ ಅವ್ವನ ಮನ್ಯಾಗ ಅಡಗಿ ಆಗೇದ... ಹೊಲಕ್ಕ ನಡೀರಿ..." ಅಂದಳು. ಜಮಾದಾರ ಆಗಲೇ ಬೂಟು ಬಿಚ್ಚುತ್ತಿದ್ದ. ಅವಳು ತಪ್ಪು ಹಾದಿ ಹಿಡಿಯದಿದ್ದರೂ ಅವನು ಇಲ್ಲಿಗೇ ಬರುತ್ತಿದ್ದನೇನೋ. ಆದರೆ ಕರೆದುತಂದವಳು ತಾನೇ. ಅದನ್ನು ಅವಳ ಎದೆ ಹೇಗೆ ತಡೆದೀತು? ಹೆದರಿಸಿ ಹೊರಿಸಿದ್ದ ಭಾರ ಮೈಗೆ ಅಂಟಿಬಿಟ್ಟಿತ್ತು. ಅಜ್ಜನಿಂದ, ಮುತ್ತಜ್ಜನಿಂದ ಬಂದ ರೂಢಿ ಅವಳ ಕಾಲನ್ನೇ ಹಿಡಿದು ಶತ್ರುವಿನ ಮನೆಗೆ ಎಳೆದಿತ್ತು. ಪೆಟ್ಟಿಗೆ ಇಳಿಸಿ ಅವಳು ಹೊಲದ ಕಡೆ ಓಡಿದಳು.

ಹೊಲದಲ್ಲಿ ಆರು ಹೆಂಗಸರು ಕಾಯುತ್ತಿದ್ದರು. ಮೀರಾಬಾಯಿ ಇದ್ದಳು. ಪಿಂಜಾರರ ಹಜಿರಾ ಬೀ ಇದ್ದಳು. ಉಳಿದವರು ಕೇರಿಯವರು. ಮೀರಾಬಾಯಿ ಕೇಳಿದಳು: "ಎಲ್ಲಿ ಪೊಲೀಸ್ರು?"

"ಚಾ ಕುಡ್ಯಾಕತ್ತಾರ. ಬರ್ತಾರ. ಕೀಳ್ರಿ."

ಎಲ್ಲಿ ಅಂತ ಹೇಳಲಿಲ್ಲ.

ಬಿಳಿಜೋಳ ಕೊಯ್ಯುವುದಲ್ಲ, ಕೀಳುವುದು. ಎರೆ ಒಣಗಿ ಬಿರುಕು ಬಿಟ್ಟಿರುತ್ತದೆ. ದಂಟಿನ ಬುಡಕ್ಕೆ ಎರಡೂ ಕೈ ಹಾಕಿ, ಮೊಣಕಾಲು ಮಡಿಸಿ, ಸೊಂಟದಿಂದ ಜಗ್ಗಬೇಕು. ಒಂದು ದಂಟು, ಇನ್ನೊಂದು ದಂಟು. ಅಂಗೈಗೆ ಬಟ್ಟೆ ಸುತ್ತಿದರೂ ಗುಳ್ಳೆ ಏಳುತ್ತದೆ, ಒಡೆಯುತ್ತದೆ. ತೆನೆಯಿಂದ ಉದುರುವ ಸುಂಕು ಬೆವರಿಗೆ ಅಂಟಿ ಕತ್ತು ಉರಿಯುತ್ತದೆ. ಏಳು ಹೆಂಗಸರು ಬಾಯಿ ಮುಚ್ಚಿಕೊಂಡು ಕಿತ್ತರು. ನಡುವೆ ಒಬ್ಬ ಪೇದೆ ಬಂದು ಬೇವಿನ ನೆರಳಲ್ಲಿ ಬೀಡಿ ಸೇದಿ ಹೋದ. ಹೊತ್ತು ನೆತ್ತಿಗೆ ಬರುವಷ್ಟರಲ್ಲಿ ಮುಕ್ಕಾಲು ಹೊಲ ನೆಲಕ್ಕೆ ಬಿದ್ದಿತ್ತು. ಝರಣಮ್ಮನಿಗೆ ಆಸೆ ಹುಟ್ಟಿತು. ಇನ್ನು ಒಂದು ತಾಸು. ತೆನೆ ಮುರಿದು ಕೇರಿಗೆ ಹೊತ್ತರೆ ಆಯಿತು.

ಆಗ ನಾಲ್ಕು ಬಂಡಿ ಬಂದವು. ಒಡ್ಡು ಒಡೆದ ಹಾದಿಯಲ್ಲೇ ಒಳಗೆ ಇಳಿದವು. ಹತ್ತು ಹನ್ನೆರಡು ಗಂಡಸರು, ಕೈಯಲ್ಲಿ ಬಡಿಗೆ. ಅವರು ಬೈಯಲೂ ಇಲ್ಲ. ತಮ್ಮ ಮಾಲು ಅನ್ನುವಂತೆ ಕಿತ್ತ ಜೋಳ ಎತ್ತಿ ಎತ್ತಿ ಬಂಡಿಗೆ ಒಟ್ಟತೊಡಗಿದರು. ಅಲ್ಲಿಯ ತನಕ ಸುಮ್ಮನಿದ್ದದ್ದು ಯಾಕೆ ಅಂತ ಝರಣಮ್ಮನಿಗೆ ಈಗ ತಿಳಿಯಿತು. ಕೀಳುವ ಕೂಲಿಯನ್ನೂ ಉಳಿಸಿಕೊಂಡಿದ್ದರು ಹಲ್ಕಾಗಳು.

ಮೀರಾಬಾಯಿ ಮೊದಲ ಬಂಡಿಯ ನೊಗ ಹಿಡಿದು ಜೋತುಬಿದ್ದಳು. "ನಮ್ಮ ಹೆಣದ ಮ್ಯಾಲ ಹೊಡ್ಕೊಂಡ್ ಹೋಗ್ರಿ!" ಅಂದಳು. ಒಬ್ಬ ಬಡಿಗೆ ಬೀಸಿದ. ಮೊಣಕೈ ಮುರಿದ ಸದ್ದು ಎಲ್ಲರಿಗೂ ಕೇಳಿತು.

ಝರಣಮ್ಮ ಊರೊಳಗೆ ಓಡಿದಳು. ವಾಡೆಯ ಪಡಸಾಲೆಯಲ್ಲಿ ಜಮಾದಾರ, ಇಬ್ಬರು ಪೇದೆಗಳು ಎಲೆ ಮುಂದೆ ಕೂತಿದ್ದರು. ಪಾಟೀಲ ನಿಂತು ತುಪ್ಪ ಬಡಿಸುತ್ತಿದ್ದ. ಅವಳು ಬಾಗಿಲ ಹೊರಗಿಂದ ಚೀರಿದಳು.

"ಸಾಹೇಬ್ರ! ಬೆಳಿ ಒಯ್ಯಾಕತ್ತಾರ್ರಿ! ನನ್ನ ನಾದಿನಿ ಕೈ ಮುರದಾರ್ರಿ! ಹೊಡದ ಮ್ಯಾಲ ಬಾ ಅಂದಿದ್ರಿ. ಹೊಡದಾರ್ರಿ, ಬಂದೀನ್ರಿ. ಈಗರೆ ಫೌಜದಾರಿ ಆತಲ್ರಿ!"

ಜಮಾದಾರ ಹೋಳಿಗೆ ಮುರಿದ. "ಉಣ್ಣಾಕ ಕುಂತವರನ್ನ ಎಬ್ಬಸ್ತಾರೇನ? ಮುಗಿಸಿ ಬರ್ತೀವಿ. ದೂರ ನಿಲ್ಲು."

"ಎಲಿ ಬಿಟ್ಟು ಏಳ್ರಿ, ನಿಮ್ಮ ಕಾಲಿಗೆ ಬೀಳ್ತೀನಿ!"

"ಇನ್ನೊಂದು ಹಾಕ್ರಿ ಪಾಟೀಲ್ರ" ಅಂದ ಜಮಾದಾರ.

ಅವರು ಹೊಲಕ್ಕೆ ಹೋಗಲೇ ಇಲ್ಲ. ಹೊಲವೇ ಅವರ ಕಡೆ ಬಂತು. ಬಂಡಿಗಳು ಕಣಕ್ಕೆ ಹೋಗದೆ ನೇರ ವಾಡೆಗೆ ಬಂದವು. ಅವಳ ಮುಂದೆಯೇ ದೊಡ್ಡ ಬಾಗಿಲಲ್ಲಿ ಒಂದೊಂದಾಗಿ ಒಳಗೆ ಹೋದವು. ಅಂಗಳದ ನಡುವೆ ಜೋಳ ಸುರಿದು ಬಣವೆ ಮಾಡಿದರು. ಜಮಾದಾರ ಕೈ ತೊಳೆದು, ಎಲೆಯಡಿಕೆ ಮೆಲ್ಲುತ್ತ ಅದನ್ನು ನೋಡಿದ. ಆಮೇಲೆ ಕಟ್ಟೆಯ ಮೇಲೆ ಕೂತು ಪಂಚನಾಮೆ ಬರೆದ. ಪಾಟೀಲನ ಇಬ್ಬರು ಜೀತದಾಳುಗಳು ಪಂಚರಾಗಿ ರುಜು ಹಾಕಿದರು. ಹೊರಗೆ ಕೇರಿಯ ಹೆಂಗಸರು ಬಂದು ಸೇರಿದ್ದರು. ಮೀರಾಬಾಯಿಯ ಕೈಯನ್ನು ಹಜಿರಾ ಬೀ ತನ್ನ ಓಢಣಿ ಹರಿದು ಕತ್ತಿಗೆ ಕಟ್ಟಿದ್ದಳು.

ಜಮಾದಾರ ಓದಿದ: "ವಾದಿಯ ಕೋರಿಕೆ ಮೇರೆಗೆ ಖುದ್ದು ಸ್ಥಳದಲ್ಲಿ ಹಾಜರಿದ್ದು ಸೂಕ್ತ ಬಂದೋಬಸ್ತು ನೀಡಲಾಯಿತು. ಬೆಳೆಯ ಕಟಾವು ಶಾಂತ ರೀತಿಯಿಂದ ಮುಗಿಯಿತು. ವಾದಿಯದು ಯಾವ ತಕರಾರೂ ಇರುವುದಿಲ್ಲ."

ಮಸಿಯ ಡಬ್ಬಿಯನ್ನು ಅವಳ ಕೈಗೆ ಕೊಡಲಿಲ್ಲ. ಹೊಸ್ತಿಲಾಚೆ ನೆಲಕ್ಕೆ ಒಗೆದ. "ಹೆಬ್ಬಟ್ಟು ಒತ್ತು. ನಮಗ ಬಸ್ಸಿಗೆ ಹೊತ್ತಾತು."

ಝರಣಮ್ಮ ಡಬ್ಬಿ ನೋಡಿದಳು.

"ಒತ್ತಂಗಿಲ್ರಿ."

"ಏನಂದಿ?"

"ಒತ್ತಂಗಿಲ್ಲ ಅಂದೆ. ಮೀರಾಬಾಯಿ ಕೈ ಬರದಿಲ್ಲ. ಬಂಡಿ ಬರದಿಲ್ಲ. ಜ್ವಾಳ ಯಾರ ಅಂಗಳದಾಗ ಬಿದ್ದದ ಅಂತ ಬರದಿಲ್ಲ. ಸುಳ್ಳಿಗೆ ಹೆಬ್ಬಟ್ಟು ಕೊಡಂಗಿಲ್ಲ."

"ಒಳಗ ಹಾಕ್ತೀನಿ ಬೋಸಡಿ!"

"ಎಲ್ಲಿ ಒಳಗ? ನಾನೇ ಬರ್ತೀನಿ."

ಅವಳು ನಡೆದಳು. ಆರು ಮಾರು ದಾಟಿದಳು. ಹೊಸ್ತಿಲು ತುಳಿದಳು. ಅವಳ ಮಾವ, ಮಾವನ ಅಪ್ಪ, ಮಣಗಟ್ಟಲೆ ಭಾರ ಹೊತ್ತು ಬಂದರೂ ತುಳಿಯದ ಹೊಸ್ತಿಲು ಅದು. ಯಾರಿಗೂ ತಡೆಯಲು ತೋಚಲಿಲ್ಲ. ನೆಟ್ಟಗೆ ಅಂಗಳದ ನಡುವೆ ಹೋಗಿ ಬಣವೆ ಹತ್ತಿ ಮೇಲೆ ಕೂತಳು.

ಒಳಗಿನಿಂದ ಪಾಟೀಲನ ತಾಯಿ ಕೂಗಿಕೊಂಡಳು. ಪಾಟೀಲನ ಮುಖ ಕಪ್ಪಿಟ್ಟಿತು.

"ಏ! ಇಳಿ ಕೆಳಗ! ಇದು ಯಾರ ಅಂಗಳ ಅಂತ ತಿಳ್ಕೊಂಡಿ?"

"ಅಂಗಳ ನಿಂದು. ಜ್ವಾಳ ನಂದು. ನನ್ನ ಜ್ವಾಳದ ಮ್ಯಾಲ ಕುಂತೀನಿ."

"ಜಮಾದಾರ್ರ, ಏನ್ ನೋಡ್ತೀರಿ? ಎಳದು ಹಾಕ್ರಿ ಹೊರಗ!"

ಜಮಾದಾರ ಪೇದೆಗಳ ಕಡೆ ನೋಡಿದ. ಪೇದೆಗಳು ಪಾಟೀಲನ ಆಳುಗಳ ಕಡೆ ನೋಡಿದರು. ಯಾರೂ ಮುಂದೆ ಬರಲಿಲ್ಲ. ಮೇಲೆ ಕೂತವಳಿಗೆ ಅದು ಕಂಡಿತು.

"ಎಬ್ಬಿಸ್ರಲಾ! ರಟ್ಟಿ ಹಿಡದು ಎಬ್ಬಿಸ್ರಿ. ನನ್ನ ಕಾಯಾಕ ಬಂದೀರಲ್ಲ, ಮುಟ್ರಿ! ನಾ ಕಿತ್ತ ಜ್ವಾಳ ಮೈಲಿಗಿ ಅಲ್ಲ, ನಾ ಹೊತ್ತ ಹಾಸಿಗಿ ಮೈಲಿಗಿ ಅಲ್ಲ. ಮುಟ್ಟಾಕ ಏನ್ ಧಾಡಿ ನಿಮಗ?"

ಹಜಿರಾ ಬೀ ಹೊಸ್ತಿಲು ದಾಟಿದಳು. ಅವಳ ಹಿಂದೆ ಮೀರಾಬಾಯಿ. ಅವಳ ಹಿಂದೆ ಉಳಿದವರು. ಬಂದು ಬಣವೆಯ ಸುತ್ತ ಕೂತರು.

ಕೈಯಿಂದ ಮುಟ್ಟಲಾರದವರಿಗೆ ಲಾಠಿ ಇದೆಯಲ್ಲ. ಲಾಠಿಗೆ ಮೈಲಿಗೆ ಇಲ್ಲ. ಜಮಾದಾರ ದೂರ ನಿಂತು ಬೀಸಿದ. ಮೊದಲ ಏಟು ಹೆಗಲಿಗೆ ಬಿತ್ತು. ಎರಡನೆಯದು ಬೆನ್ನಿಗೆ. ಮೂರನೆಯದು ತಲೆಗೆ. ರಕ್ತ ಹಣೆಯ ಮೇಲೆ ಇಳಿದು ಬಿಳಿಯ ತೆನೆಗಳ ಮೇಲೆ ಬಿತ್ತು. ಅವಳು ಒಂದು ಹಿಡಿ ದಂಟನ್ನು ಗಟ್ಟಿಯಾಗಿ ಹಿಡಿದುಕೊಂಡಳು. ಏಳಲಿಲ್ಲ. ನಾಲ್ಕನೆಯ ಏಟಿಗೆ ಲಾಠಿ ಎತ್ತಿದವನ ಮುಖವನ್ನು ನೆಟ್ಟಗೆ ನೋಡಿದಳು.

"ಈಗ ಬರಿ ಜಮಾದಾರ. ನನ್ನ ಕಾಯಾಕ ಬಂದು, ಪಾಟೀಲನ ಮನ್ಯಾಗ ಹೋಳಿಗಿ ಉಂಡು, ನನ್ನ ಜ್ವಾಳದ ಮ್ಯಾಲ ನನ್ನೇ ಹೊಡದೆ ಅಂತ ಬರಿ. ಒಂದ ಅಕ್ಷರ ಬಿಡಬ್ಯಾಡ. ಅದಕ್ಕ ಒತ್ತತೀನಿ. ಹೆಬ್ಬಟ್ಟು ಯಾಕ, ಹತ್ತೂ ಬೆರಳು ಒತ್ತತೀನಿ."